ಪ್ಯಾಂಚೊ ಬಾರ್ನ್ಸ್ ಅವರ ಮರುಭೂಮಿ ರ‍್ಯಾಂಚ್: ಪದೇ ಪದೇ ಕೇಳುವ ಪ್ರಶ್ನೆಗಳು

ವಿಮಾನಗಳ ಕಥೆ ಓದುವವರು ಒಂದಲ್ಲ ಒಂದು ದಿನ ಈ ಜಾಗದ ಹೆಸರು ಕೇಳಿಯೇ ಕೇಳುತ್ತಾರೆ. ಹೆಚ್ಚಿನವರಿಗೆ ಗೊತ್ತಿರುವುದು ಒಂದೇ ಮಾತು: "ಪೈಲಟ್‌ಗಳು ಕುಡಿಯಲು ಹೋಗುತ್ತಿದ್ದ ಬಾರ್." ಅಷ್ಟೇ ಹೇಳಿ ಮುಗಿಸಿದರೆ ಆ ಜಾಗಕ್ಕೂ ಅದನ್ನು ಕಟ್ಟಿದ ಪ್ಯಾಂಚೊ ಬಾರ್ನ್ಸ್ ಅನ್ನುವ ಹೆಂಗಸಿಗೂ ಅನ್ಯಾಯವಾಗುತ್ತದೆ. ಅದಕ್ಕೇ ಇಷ್ಟು ಉದ್ದ ಬರೆದಿದ್ದೇನೆ.

ಇದು ಎಲ್ಲಿತ್ತು? ಏನಿತ್ತು ಅಲ್ಲಿ?

ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ. ಲಾಸ್ ಏಂಜಲೀಸ್‌ನಿಂದ ಉತ್ತರಕ್ಕೆ ಹೊರಟು, ಸಾನ್ ಗೇಬ್ರಿಯಲ್ ಬೆಟ್ಟಸಾಲು ದಾಟಿದರೆ ಮೊಹಾವಿ ಮರುಭೂಮಿ ಸಿಗುತ್ತದೆ. ಅಲ್ಲಿ ರಾಜರ್ಸ್ ಅನ್ನುವ ಒಂದು ದೊಡ್ಡ ಒಣಕೆರೆ ಇದೆ. ಅದರ ಹತ್ತಿರವೇ ಪ್ಯಾಂಚೊ ಬಾರ್ನ್ಸ್ ಅವರ ರ‍್ಯಾಂಚ್ ಇತ್ತು. 1935ರಲ್ಲಿ ಶುರುವಾಯಿತು, 1953ರಲ್ಲಿ ಮುಗಿಯಿತು. ಹದಿನೆಂಟು ವರ್ಷ.

ರ‍್ಯಾಂಚ್ ಅಂದರೆ ದನ, ಕುದುರೆ, ಮೇವಿನ ಹೊಲ ಎಲ್ಲ ಇರುವ ದೊಡ್ಡ ತೋಟದಮನೆ ಅಂದುಕೊಳ್ಳಿ. ಇವರದ್ದು ಬೆಳೆದು ಬೆಳೆದು 300ಕ್ಕೂ ಹೆಚ್ಚು ಎಕರೆ ಆಯಿತು. ಹೊಲ, ಹಂದಿಗೂಡು, ಹಸುಗಳು, ಕುದುರೆ ಲಾಯ. ಆಮೇಲೆ ಊಟದ ಮನೆ, ಬಾರ್, ಉಳಿದುಕೊಳ್ಳಲು ಕೋಣೆಗಳು, ಈಜುಕೊಳ, ಕುಣಿಯಲು ಹಾಲ್, ಕುದುರೆ ಪಳಗಿಸುವ ಪಂದ್ಯಕ್ಕೆ ಒಂದು ಅಂಗಳ. ಜೊತೆಗೆ ವಿಮಾನ ಏರಿಳಿಯಲು ಅವರದ್ದೇ ಆದ ನೆಲದ ಪಟ್ಟಿ, ಅಂದರೆ ರನ್‌ವೇ.

ಪ್ಯಾಂಚೊ ಅಂದರೆ ಗಂಡಸಿನ ಹೆಸರಲ್ವಾ?

ಹೌದು. ಅವರ ನಿಜವಾದ ಹೆಸರು ಫ್ಲಾರೆನ್ಸ್ ಲೋ. ಹುಟ್ಟಿದ್ದು 1901ರಲ್ಲಿ, ಪ್ಯಾಸಡೀನಾದ ತುಂಬಾ ಸ್ಥಿತಿವಂತರ ಮನೆಯಲ್ಲಿ. ಹತ್ತೊಂಬತ್ತನೇ ವಯಸ್ಸಿಗೆಲ್ಲ ರ‍್ಯಾಂಕಿನ್ ಬಾರ್ನ್ಸ್ ಎಂಬ ಪಾದ್ರಿಯ ಜೊತೆ ಮದುವೆಯಾಯಿತು. ಬಿಲ್ ಅನ್ನುವ ಮಗ ಹುಟ್ಟಿದ. ಆದರೆ ಪಾದ್ರಿಯ ಹೆಂಡತಿಯಾಗಿ ಬಾಳುವುದು ಅವರಿಂದ ಆಗಲಿಲ್ಲ. ಗಂಡಸಿನ ವೇಷ ಹಾಕಿಕೊಂಡು ಮೆಕ್ಸಿಕೋಗೆ ಹೊರಟ ಒಂದು ಸರಕು ಹಡಗು ಹತ್ತಿಬಿಟ್ಟರು. ಆ ಹಡಗಿನಲ್ಲಿ ಕದ್ದು ಸಾಗಿಸುತ್ತಿದ್ದ ಬಂದೂಕುಗಳಿದ್ದವು. ಅಲ್ಲಿಂದ ತಪ್ಪಿಸಿಕೊಂಡು ಜೊತೆಗಾರನೊಬ್ಬನ ಜೊತೆ ಹೇಸರಗತ್ತೆ, ಕತ್ತೆಗಳ ಮೇಲೆ ಊರೂರು ಅಲೆದರು. ಡಾನ್ ಕ್ವಿಕ್ಸೋಟನ ಕಥೆಯ ಸೇವಕನ ಹೆಸರು ಸ್ಯಾಂಚೊ. ಜೊತೆಗಾರ ಅದನ್ನು ತಪ್ಪಾಗಿ ಪ್ಯಾಂಚೊ ಅಂತ ಕರೆದ. ಅದೇ ಹೆಸರು ಸಾಯುವವರೆಗೂ ನಿಂತಿತು.

ವಿಮಾನದ ಹುಚ್ಚು ಮನೆತನದಲ್ಲೇ ಇತ್ತು ಅನ್ನಬಹುದು. ಅಜ್ಜ ಥ್ಯಾಡಿಯಸ್ ಲೋ ಅಮೆರಿಕದ ಅಂತರ್ಯುದ್ಧದಲ್ಲಿ ಉತ್ತರದ ಸೇನೆಗೆ ಬಲೂನ್ ದಳ ಕಟ್ಟಿಕೊಟ್ಟವರು. ಬಲೂನಿನಲ್ಲಿ ಮೇಲೇರಿ ಶತ್ರುಸೇನೆ ಎಲ್ಲಿದೆ ಅಂತ ನೋಡಿ ಹೇಳುವುದು ಅವರ ಕೆಲಸ. ಈ ಅಜ್ಜನನ್ನು ನೆನಪಿಡಿ. ಮುಂದೆ ಕೋರ್ಟಿನ ಕಥೆಯಲ್ಲಿ ಮತ್ತೆ ಬರುತ್ತಾರೆ.

ಅವರು ನಿಜಕ್ಕೂ ಒಳ್ಳೆಯ ಪೈಲಟ್ಟೇ?

ಅನುಮಾನವೇ ಬೇಡ. 1928ರಲ್ಲಿ ಕಲಿಯಲು ಶುರುಮಾಡಿ, ಆರು ಗಂಟೆ ಪಾಠ ಹೇಳಿಸಿಕೊಂಡು ಒಬ್ಬರೇ ಹಾರಿದರು. 1929ರಲ್ಲಿ ಮಹಿಳೆಯರಿಗಾಗಿ ನಡೆದ ದೂರದ ವಿಮಾನ ಪಂದ್ಯದಲ್ಲಿದ್ದರು. ಟೆಕ್ಸಸ್‌ನ ಪೇಕಸ್‌ನಲ್ಲಿ ಇಳಿಯುವಾಗ ದಾರಿಗೆ ಅಡ್ಡ ಬಂದಿದ್ದ ಕಾರಿಗೆ ವಿಮಾನ ಬಡಿದು ಪಂದ್ಯದಿಂದ ಹೊರಬಿದ್ದರು. ಜೀವಕ್ಕೇನೂ ಆಗಲಿಲ್ಲ. ಮರುವರ್ಷ, 1930ರ ಆಗಸ್ಟ್‌ನಲ್ಲಿ, ಗಂಟೆಗೆ 196.19 ಮೈಲಿ ವೇಗದಲ್ಲಿ ಹಾರಿ, ಆಗಿನ ಹೆಸರಾಂತ ಪೈಲಟ್ ಅಮೇಲಿಯಾ ಇಯರ್‌ಹಾರ್ಟ್ ಅವರ ಮಹಿಳಾ ದಾಖಲೆ ಮುರಿದರು. ಅಂದರೆ ಸುಮಾರು 315 ಕಿ.ಮೀ.

ಹಾಲಿವುಡ್ ಸಿನಿಮಾಗಳಿಗೆ ಸಾಹಸದ ಹಾರಾಟವನ್ನೂ ಮಾಡಿದರು. ಆಗ ಆ ಕೆಲಸದಲ್ಲಿ ಪೈಲಟ್‌ಗಳು ಸಾಯುತ್ತಿದ್ದರು, ಕೂಲಿ ಮಾತ್ರ ಅವರವರ ಚೌಕಾಸಿಗೆ ಬಿಟ್ಟದ್ದು. ಪ್ಯಾಂಚೊ 1931ರಲ್ಲಿ ಸಿನಿಮಾ ಪೈಲಟ್‌ಗಳ ಸಂಘ ಕಟ್ಟಲು ಮುಂದೆ ನಿಂತರು. ಅವರ ಪಾರ್ಟಿಗಳ ಬಗ್ಗೆ ಬರೆಯುವವರು ಈ ಕೆಲಸವನ್ನು ಬಿಟ್ಟೇಬಿಡುತ್ತಾರೆ. ನನಗೆ ಇದು ಅವರ ವೇಗದ ದಾಖಲೆಗಿಂತ ದೊಡ್ಡದಾಗಿ ಕಾಣುತ್ತದೆ.

ಅಷ್ಟು ದುಡ್ಡಿದ್ದವರು ಮರುಭೂಮಿಗೆ ಯಾಕೆ ಬಂದರು?

ದುಡ್ಡು ಖಾಲಿಯಾಗಿತ್ತು. ಧಾರಾಳ ಕೈ, ಮನೆ ತುಂಬ ನೆಂಟರಿಷ್ಟರು, ಮೇಲಿಂದ 1930ರ ದಶಕದ ಆರ್ಥಿಕ ಕುಸಿತ. ದಾಖಲೆ ಮಾಡಿದ ವಿಮಾನವನ್ನೂ ಮಾರಬೇಕಾಯಿತು. ಉಳಿದದ್ದನ್ನು ಒಟ್ಟುಮಾಡಿ 1935ರ ಮಾರ್ಚ್‌ನಲ್ಲಿ ಮೊಹಾವಿಯಲ್ಲಿ ಜಮೀನು ತೆಗೆದುಕೊಂಡರು. ಆ ಕಂದು ನೆಲದ ನಡುವೆ ಹಸಿರಾಗಿದ್ದ ಒಂದು ಮೇವಿನ ಹೊಲ ಅದು. ಹೆಸರಿಟ್ಟದ್ದು "ರಾಂಚೊ ಓರೊ ವರ್ಡೆ." ಸ್ಪ್ಯಾನಿಷ್‌ನಲ್ಲಿ ಹಸಿರು ಚಿನ್ನ.

ಮರುಭೂಮಿಯಲ್ಲಿ ಬೇಸಾಯ ಹೇಗೆ ಸಾಧ್ಯ?

ಮಳೆ ಇಲ್ಲ, ಆದರೆ ಆ ಕಣಿವೆಯಲ್ಲಿ ನೆಲದಡಿ ನೀರಿತ್ತು. ಬಾವಿ ತೋಡಿ, ಪಂಪ್ ಹಾಕಿ ಎತ್ತಿದರೆ ಲೂಸರ್ನ್ ಚೆನ್ನಾಗಿ ಬರುತ್ತಿತ್ತು. ನಮ್ಮ ಕಡೆ ಕುದುರೆ ಮಸಾಲೆ ಅಂತಾರಲ್ಲ, ಅದೇ ಮೇವು.

ಪ್ಯಾಂಚೊ ಅವರ ಲೆಕ್ಕಾಚಾರ ನೋಡಬೇಕು. 1933ರಿಂದಲೇ ಒಣಕೆರೆಯ ಪಕ್ಕ ಸೇನೆಯ ವಿಮಾನಗಳು ಬಾಂಬ್ ಹಾಕುವ ಅಭ್ಯಾಸ ನಡೆಸುತ್ತಿದ್ದವು. ಅಲ್ಲಿನ ಯೋಧರಿಗೆ ಹಾಲು ಬೇಕು, ಮಾಂಸ ಬೇಕು. ಹತ್ತಿರದಲ್ಲಿ ಬೇರೆ ಯಾರೂ ಇಲ್ಲ. ಇವರು ಹಸು ಸಾಕಿ ಹಾಲು ಕೊಟ್ಟರು. ಸೇನೆಯ ಅಡುಗೆಮನೆಯಲ್ಲಿ ಮಿಕ್ಕ ಊಟವನ್ನು ತುಂಬಿಸಿಕೊಂಡು ಬಂದು ಹಂದಿಗಳಿಗೆ ಹಾಕಿದರು. ಆ ಹಂದಿಗಳ ಮಾಂಸವನ್ನು ಮತ್ತೆ ಅದೇ ಅಡುಗೆಮನೆಗೆ ಮಾರಿದರು. ಮುಸುರೆ ಹೊರುವುದಕ್ಕೆ ಅವರು ನಾಚಲಿಲ್ಲ. ಹುಟ್ಟಿದ್ದು ಬಂಗಲೆಯಲ್ಲಿ ಅನ್ನುವುದು ನೆನಪಾದಾಗ ನನಗೆ ಇನ್ನೂ ಗೌರವ ಜಾಸ್ತಿಯಾಗುತ್ತದೆ.

ಸ್ವಂತ ರನ್‌ವೇ ಯಾಕೆ ಮಾಡಿಕೊಂಡರು?

ಪೈಲಟ್‌ನ ಮನೆಗೆ ಬರುವ ನೆಂಟರು ಪೈಲಟ್‌ಗಳೇ. ಲಾಸ್ ಏಂಜಲೀಸ್‌ನಿಂದ ಕಾರಿನಲ್ಲಿ ಬೆಟ್ಟ ಹತ್ತಿಳಿದು ಬರುವ ಬದಲು ಹಾರಿ ಬಂದು ಅಂಗಳದಲ್ಲೇ ಇಳಿಯಬಹುದಿತ್ತು. ನೆಲ ಚಪ್ಪಟೆ, ಗಟ್ಟಿ. ಸವರಿ ಸಮ ಮಾಡಿದರೆ ಪಟ್ಟಿ ಸಿದ್ಧ.

ಎರಡನೇ ಮಹಾಯುದ್ಧಕ್ಕೆ ಅಮೆರಿಕ ಇಳಿಯುವ ಮುಂಚೆ ಸರ್ಕಾರ ಸಾಮಾನ್ಯ ಹುಡುಗರಿಗೆ ಹಾರಾಟ ಕಲಿಸುವ ಯೋಜನೆ ತಂದಾಗ ಇದೇ ಪಟ್ಟಿಯಲ್ಲಿ ಪಾಠ ನಡೆಯಿತು. 1941ರಲ್ಲಿ ಪರ್ಲ್ ಹಾರ್ಬರ್ ನೌಕಾನೆಲೆಯ ಮೇಲೆ ಜಪಾನ್ ದಾಳಿ ಮಾಡಿದ ನಂತರ ಪಶ್ಚಿಮ ಕರಾವಳಿಯ ಹತ್ತಿರ ಖಾಸಗಿ ಹಾರಾಟಕ್ಕೆ ತಡೆ ಬಿತ್ತು. ಯುದ್ಧ ಮುಗಿದ ಮೇಲೆ ಪಟ್ಟಿಗೆ ಮತ್ತೆ ಜೀವ ಬಂತು. "ಹಾರಿ ಬನ್ನಿ, ಇಳಿಯಿರಿ, ಕುದುರೆ ಹತ್ತಿ" ಅನ್ನುವಂಥ ಅತಿಥಿಗಳ ರ‍್ಯಾಂಚ್ ಆಯಿತು ಅದು.

ಪಕ್ಕದ ಒಣಕೆರೆಗೆ ಅಷ್ಟು ಮಹತ್ವ ಯಾಕೆ?

ಇದನ್ನು ಸ್ವಲ್ಪ ನಿಧಾನವಾಗಿ ಹೇಳಬೇಕು. ಈ ಕೆರೆಯಂಗಳ ಇಲ್ಲದಿದ್ದರೆ ಈ ಕಥೆಯೇ ಇಲ್ಲ.

ಬೇಸಿಗೆಯಲ್ಲಿ ನಮ್ಮೂರ ಕೆರೆ ಬತ್ತಿ ಅಂಗಳ ಬಿರುಕು ಬಿಡುತ್ತದೆ. ರಾಜರ್ಸ್ ಕೆರೆಯಂಗಳ ವರ್ಷದ ಬಹುಪಾಲು ಹಾಗೇ ಇರುತ್ತದೆ, ಆದರೆ ಸಿಮೆಂಟಿನಷ್ಟು ಗಟ್ಟಿ. ಚಳಿಗಾಲದ ಮಳೆಗೆ ಅದರ ಮೇಲೆ ತೆಳ್ಳಗೆ ನೀರು ನಿಲ್ಲುತ್ತದೆ. ಗಾಳಿ ಆ ನೀರನ್ನು ಅತ್ತಿಂದಿತ್ತ ತಳ್ಳುತ್ತದೆ. ನೀರಿನ ಜೊತೆ ಸಣ್ಣ ಜೇಡಿ ಓಡಾಡಿ ಬಿರುಕುಗಳಲ್ಲಿ ಕೂರುತ್ತದೆ. ಬಿಸಿಲು ಬಂದು ಒಣಗಿದಾಗ ನೆಲ ಸಾರಿಸಿದ ಹಾಗೆ ಇರುತ್ತದೆ. ಸುಮಾರು 20 ಕಿ.ಮೀ. ಉದ್ದ, ಒಟ್ಟು 44 ಚದರ ಮೈಲಿ. ಇಂಜಿನ್ ಕೈಕೊಟ್ಟರೂ ಯಾವ ದಿಕ್ಕಿಗೆ ಬೇಕಾದರೂ ಇಳಿಯಬಹುದು. ಹೊಸ ವಿಮಾನ ಹಾರಿಸಿ ನೋಡುವ ಪರೀಕ್ಷಾ ಪೈಲಟ್‌ಗೆ ಇದಕ್ಕಿಂತ ದೊಡ್ಡ ವರ ಇಲ್ಲ.

ಅಲ್ಲಿನ ಪುಟ್ಟ ಊರಿನ ಹೆಸರು ಮ್ಯೂರಾಕ್. 1910ರ ಸುಮಾರಿಗೆ ಕೋರಮ್ ಅನ್ನುವ ಕುಟುಂಬ ಬಂದು ನೆಲೆಸಿತು. ಅಂಚೆ ಕಚೇರಿಗೆ ತಮ್ಮ ಹೆಸರಿಡಲು ಕೇಳಿದರು. ಅಂಥದ್ದೇ ಹೆಸರಿನ ಊರು ಆಗಲೇ ಇದೆ ಅಂತ ಅಂಚೆಯವರು ಒಪ್ಪಲಿಲ್ಲ. ಅವರು ತಮ್ಮ ಹೆಸರಿನ ಇಂಗ್ಲಿಷ್ ಅಕ್ಷರಗಳನ್ನು ತಿರುಗಿಸಿ ಬರೆದರು. ಅದೇ ಮ್ಯೂರಾಕ್.

ಎರಡನೇ ಮಹಾಯುದ್ಧದಲ್ಲಿ ಇಲ್ಲಿ ದೊಡ್ಡ ವಾಯುನೆಲೆ ಬೆಳೆಯಿತು. ಬಾಂಬ್ ಅಭ್ಯಾಸಕ್ಕೆ ಮರ, ತಂತಿ ಬಲೆ, ಡಾಂಬರು ಕಾಗದದಿಂದ 650 ಅಡಿ ಉದ್ದದ ಜಪಾನೀ ಯುದ್ಧನೌಕೆಯ ಪ್ರತಿರೂಪವನ್ನು ಕೆರೆಯಂಗಳದಲ್ಲಿ ಕಟ್ಟಿದ್ದರು. ಒಂದು ಹನಿ ನೀರಿಲ್ಲದ ಕಡೆ ಹಡಗು! 1942ರ ಅಕ್ಟೋಬರ್‌ನಲ್ಲಿ ಅಮೆರಿಕದ ಮೊದಲ ಜೆಟ್ ವಿಮಾನ ಹಾರಿದ್ದೂ ಇಲ್ಲೇ. ನಿಲ್ಲಿಸಿದ್ದಾಗ ಯಾರಿಗೂ ಗುಟ್ಟು ಗೊತ್ತಾಗಬಾರದು ಅಂತ ಅದರ ಮೂತಿಗೆ ಸುಳ್ಳು ಪ್ರೊಪೆಲ್ಲರ್ ಸಿಕ್ಕಿಸುತ್ತಿದ್ದರು.

"ಹ್ಯಾಪಿ ಬಾಟಮ್ ರೈಡಿಂಗ್ ಕ್ಲಬ್" ಅನ್ನುವ ಹೆಸರು ಎಲ್ಲಿಂದ ಬಂತು?

ಜನ ಹೇಳುವ ಕಥೆ ಇದು: ವಾಯುಸೇನೆಯ ಜನರಲ್ ಜಿಮ್ಮಿ ಡೂಲಿಟಲ್ ಒಂದು ದಿನ ಪ್ಯಾಂಚೊ ಕೊಟ್ಟ ಕುದುರೆಯ ಮೇಲೆ ಸವಾರಿ ಮುಗಿಸಿ ಬಂದರು. ಕುಂಡಿಗೆ ಸುಖವಾಗಿತ್ತು ಅನ್ನುವ ಅರ್ಥದ ಮಾತಾಡಿದರು. ಅದೇ ರ‍್ಯಾಂಚಿನ ಕ್ಲಬ್ಬಿನ ಹೆಸರಾಯಿತು. ಉತ್ತುಂಗದಲ್ಲಿದ್ದಾಗ ಕ್ಲಬ್ಬಿಗೆ 9,000ಕ್ಕೂ ಹೆಚ್ಚು ಸದಸ್ಯರಿದ್ದರು. ಜನರಲ್‌ಗಳು, ಸಿನಿಮಾದವರು, ವಿಮಾನ ಕಂಪನಿಯ ಇಂಜಿನಿಯರ್‌ಗಳು, ಕೆಳದರ್ಜೆಯ ಮೆಕ್ಯಾನಿಕ್‌ಗಳು ಎಲ್ಲರೂ.

ಚಕ್ ಯೇಗರ್ ಪಕ್ಕೆಲುಬು ಮುರಿದುಕೊಂಡದ್ದು ಇಲ್ಲಿಯೇ?

ಹೌದು, ನಿಜ. 1947ರ ಅಕ್ಟೋಬರ್ 12, ಭಾನುವಾರ ರಾತ್ರಿ. ಪಕ್ಕದ ನೆಲೆಯ ಪರೀಕ್ಷಾ ಪೈಲಟ್ ಯೇಗರ್ ಮತ್ತು ಅವರ ಹೆಂಡತಿ ಗ್ಲೆನಿಸ್ ಪ್ಯಾಂಚೊ ಅವರಲ್ಲಿ ಊಟ ಮಾಡಿ, ಕುದುರೆ ಹತ್ತಿ ಮರುಭೂಮಿಯಲ್ಲಿ ಸುತ್ತಲು ಹೋದರು. ವಾಪಸ್ ಬರುವಾಗ ಇಬ್ಬರೂ ರೇಸ್ ಹಾಕಿಕೊಂಡರು. ಹೋಗುವಾಗ ತೆರೆದಿದ್ದ ಗೇಟನ್ನು ಯಾರೋ ಮುಚ್ಚಿದ್ದರು. ಕತ್ತಲಲ್ಲಿ ಯೇಗರ್‌ಗೆ ಕಾಣಲಿಲ್ಲ. ಕುದುರೆ ಬಡಿಯಿತು, ಅವರು ಎಗರಿ ಬಿದ್ದರು. ಬಲಗಡೆಯ ಎರಡು ಪಕ್ಕೆಲುಬು ಮುರಿದವು.

ಮಂಗಳವಾರ ಶಬ್ದದ ವೇಗ ದಾಟಲೆಂದು ಮಾಡಿದ್ದ ಎಕ್ಸ್-1 ಅನ್ನುವ ರಾಕೆಟ್ ವಿಮಾನ ಹಾರಿಸಬೇಕಿತ್ತು. ಸೇನೆಯ ವೈದ್ಯರ ಹತ್ತಿರ ಹೋದರೆ ಹಾರಲು ಬಿಡುವುದಿಲ್ಲ. ಹಾಗಾಗಿ ರೋಸಮಂಡ್ ಊರಿನ ಖಾಸಗಿ ವೈದ್ಯರ ಹತ್ತಿರ ಪಟ್ಟಿ ಕಟ್ಟಿಸಿಕೊಂಡರು. ತೊಂದರೆ ಹಾರಾಟದಲ್ಲಿ ಇರಲಿಲ್ಲ, ಬಾಗಿಲಲ್ಲಿ ಇತ್ತು. ಎಕ್ಸ್-1 ಒಂದು ದೊಡ್ಡ ಬಿ-29 ಬಾಂಬರ್ ವಿಮಾನದ ಹೊಟ್ಟೆಯಡಿ ನೇತಾಡಿಕೊಂಡು ಮೇಲೆ ಹೋಗುತ್ತದೆ. ಆಕಾಶದಲ್ಲಿ ಪೈಲಟ್ ಏಣಿ ಇಳಿದು ಅದರೊಳಗೆ ಕೂತು, ಬಲಗಡೆಯ ಬಾಗಿಲನ್ನು ಒಳಗಿನಿಂದ ಎಳೆದು ಬಿಗಿಮಾಡಬೇಕು. ಮುರಿದ ಪಕ್ಕೆಯಲ್ಲಿ ಬಲಗೈಗೆ ಆ ಬಲ ಎಲ್ಲಿಂದ ಬರಬೇಕು?

ಯೇಗರ್ ಗುಟ್ಟಾಗಿ ಹೇಳಿದ್ದು ಗೆಳೆಯ, ಇಂಜಿನಿಯರ್ ಜಾಕ್ ರಿಡ್ಲಿಗೆ. ರಿಡ್ಲಿ ಒಂದು ಕಸಪೊರಕೆಯ ಹಿಡಿಕೆ ತೆಗೆದುಕೊಂಡು ಹತ್ತಿಂಚು ಉದ್ದಕ್ಕೆ ಕೊಯ್ದು ಕೊಟ್ಟರು. ಅದನ್ನು ಸನ್ನೆಗೋಲಿನ ಹಾಗೆ ಸಿಕ್ಕಿಸಿ ಎಡಗೈಯಲ್ಲಿ ಒತ್ತಿದರೆ ಬಾಗಿಲು ಕೂರುತ್ತಿತ್ತು. ಅಕ್ಟೋಬರ್ 14ರಂದು ಸುಮಾರು 43,000 ಅಡಿ ಎತ್ತರದಲ್ಲಿ ಯೇಗರ್ ಮ್ಯಾಕ್ 1.06, ಅಂದರೆ ಶಬ್ದದ ವೇಗದ 1.06ರಷ್ಟು, ಮುಟ್ಟಿದರು. ಶಬ್ದಕ್ಕಿಂತ ವೇಗವಾಗಿ ಮಟ್ಟ ಹಾರಾಟ ಮಾಡಿದ ಮೊದಲ ಮನುಷ್ಯ. ಆ ಚರಿತ್ರೆಯೊಳಗೆ ಒಂದು ಪೊರಕೆ ಕಡ್ಡಿ, ಪ್ಯಾಂಚೊ ರ‍್ಯಾಂಚಿನ ಒಂದು ಗೇಟು ಸೇರಿಕೊಂಡಿವೆ.

ಸುದ್ದಿಯನ್ನು ಸರ್ಕಾರ ಅಧಿಕೃತವಾಗಿ ಹೊರಗೆ ಹೇಳಿದ್ದು ಮರುವರ್ಷ, 1948ರ ಜೂನ್‌ನಲ್ಲಿ.

ಶಬ್ದದ ವೇಗ ದಾಟಿದವರಿಗೆ ಬಿಟ್ಟಿ ಊಟ ಕೊಡುತ್ತಿದ್ದರಂತೆ?

ಮೊದಲ ಸಲ ದಾಟಿ ಬಂದವರಿಗೆ ಸ್ಟೇಕ್ ಊಟ, ಪ್ಯಾಂಚೊ ಲೆಕ್ಕದಲ್ಲಿ. ಯೇಗರ್‌ಗೆ ಸಿಕ್ಕಿತು, ಆಮೇಲೆ ಬಂದವರಿಗೂ ಸಿಕ್ಕಿತು.

ಅಲ್ಲಿ ಸುಮ್ನೆ ಮೋಜು ಮಾತ್ರ ನಡೆಯುತ್ತಿತ್ತೇ?

ಮೋಜು ಇತ್ತು, ಜೋರಾಗಿಯೇ ಇತ್ತು. ಆದರೆ ಆ ಮೋಜಿನ ಹಿಂದೆ ಏನಿತ್ತು ಅಂತ ನೋಡಿ. ಆಗ ಮ್ಯೂರಾಕ್‌ನಲ್ಲಿ ವಿಮಾನ ಬೀಳುವುದು ಅಪರೂಪದ ಮಾತಲ್ಲ. 1948ರ ಜೂನ್ 5ರಂದು ರೆಕ್ಕೆ ಮಾತ್ರ ಇರುವ ವೈಬಿ-49 ವಿಮಾನ ಒಡೆದು ಬಿದ್ದು ಐವರೂ ಸತ್ತರು. ಅವರಲ್ಲಿ ಒಬ್ಬರು ಕ್ಯಾಪ್ಟನ್ ಗ್ಲೆನ್ ಎಡ್ವರ್ಡ್ಸ್. ವಾಯುನೆಲೆಗೆ ಇವತ್ತಿರುವುದು ಅವರದೇ ಹೆಸರು.

ಬೆಳಿಗ್ಗೆ ಜೊತೆಗಿದ್ದವನು ಸಂಜೆಗೆ ಇಲ್ಲ. ಉಳಿದವರು ಎಲ್ಲಿಗೆ ಹೋಗಬೇಕು? ಸುತ್ತ ಮರಳು, ಜೋಶುವಾ ಮರಗಳು, ತಗಡಿನ ಮನೆಗಳು. ಪ್ಯಾಂಚೊ ಮನೆ ಬಾಗಿಲು ತೆರೆದಿರುತ್ತಿತ್ತು. ಒಳಗಿದ್ದ ಹೆಂಗಸು ಸ್ವತಃ ವಿಮಾನ ಬೀಳಿಸಿಕೊಂಡು ಎದ್ದು ಬಂದವಳು. ಏನೂ ಬಿಡಿಸಿ ಹೇಳಬೇಕಿರಲಿಲ್ಲ. ಆ ಜಾಗದ ನಿಜವಾದ ಬೆಲೆ ನನಗೆ ಕಾಣುವುದು ಇಲ್ಲಿ.

ಅದು ವೇಶ್ಯಾಗೃಹ ಆಗಿತ್ತು ಅಂತಾರಲ್ಲ?

ವಾಯುಪಡೆಯ ಅಧಿಕಾರಿಗಳ ಕಡೆಯಿಂದ ಆ ಆರೋಪ ಬಂತು. ಪ್ಯಾಂಚೊ ಅದನ್ನು ಖಡಾಖಂಡಿತವಾಗಿ ಅಲ್ಲಗಳೆದರು. ಅತಿಥಿಗಳ ಜೊತೆ ಕುಣಿಯಲು, ಊಟ ಬಡಿಸಲು ಹುಡುಗಿಯರನ್ನು ಇಟ್ಟುಕೊಂಡಿದ್ದರು, ಅದು ನಿಜ. ಆರೋಪ ಸಾಬೀತಾಗಲಿಲ್ಲ. ಎಪ್ಪತ್ತು ವರ್ಷ ಕಳೆದರೂ ಅದನ್ನೇ ಮೊದಲು ಕೇಳುವವರಿದ್ದಾರೆ. ಸಾಬೀತಾಗದ ಮಾತನ್ನು ಹೊತ್ತು ತಿರುಗುವುದು ಸರಿಯಲ್ಲ ಅಂತ ನನಗನ್ನಿಸುತ್ತದೆ.

ಅಷ್ಟು ಸ್ನೇಹ ಇದ್ದ ಮೇಲೆ ವಾಯುಪಡೆಯ ಜೊತೆ ಜಗಳ ಯಾಕೆ?

ಕಾಲ ಬದಲಾಯಿತು. ವಾಯುನೆಲೆಯ ಮೊದಲಿನ ಕಮಾಂಡರ್ ಆಲ್ಬರ್ಟ್ ಬಾಯ್ಡ್ ಪ್ಯಾಂಚೊಗೆ ಆಪ್ತರು. 1952ರಲ್ಲಿ ಪ್ಯಾಂಚೊ ನಾಲ್ಕನೇ ಮದುವೆ ಮಾಡಿಕೊಂಡಾಗ ಬಾಯ್ಡ್, ಯೇಗರ್ ಇಬ್ಬರೂ ಮುಂದೆ ನಿಂತಿದ್ದರು. ಅದೇ ವರ್ಷ ಬಾಯ್ಡ್ ಹೋಗಿ ಜನರಲ್ ಸ್ಟ್ಯಾನ್ಲಿ ಹೋಲ್ಟೋನರ್ ಬಂದರು. ಅವರಿಗೂ ಪ್ಯಾಂಚೊಗೂ ಸರಿಬರಲಿಲ್ಲ.

ಆದರೆ ಬರೀ ಇಬ್ಬರ ಜಗಳ ಅಂದರೆ ತಪ್ಪಾಗುತ್ತದೆ. ವಿಮಾನಗಳು ದೊಡ್ಡವಾಗುತ್ತಿದ್ದವು, ವೇಗ ಹೆಚ್ಚುತ್ತಿತ್ತು. ರನ್‌ವೇ ಉದ್ದ ಮಾಡಬೇಕು, ಅದಕ್ಕೆ ಪ್ಯಾಂಚೊ ಜಮೀನು ಬೇಕು ಅಂದರು. ಪರೀಕ್ಷೆ ನಡೆಯುವ ಆಕಾಶದ ಪಕ್ಕದಲ್ಲೇ ಖಾಸಗಿ ವಿಮಾನಗಳು ಏರಿಳಿಯುವುದೂ ಅಧಿಕಾರಿಗಳಿಗೆ ಹಿಡಿಸುತ್ತಿರಲಿಲ್ಲ. ಸಿಬ್ಬಂದಿ ಕ್ಲಬ್ಬಿಗೆ ಕಾಲಿಡಬಾರದು ಅಂತ ಆಜ್ಞೆ ಬಂತು. ಒಂದೇ ಏಟಿಗೆ ವ್ಯಾಪಾರ ಬಿತ್ತು. ಮೇಲಿಂದ ಭೂಸ್ವಾಧೀನದ ನೋಟಿಸ್. ಜಮೀನಿಗೆ ನೋಟಿಸ್ ಬಂದ ಮನೆಯವರಿಗೆ ಆ ಕಾಗದ ಕೈಯಲ್ಲಿ ಹಿಡಿದಾಗ ಏನಾಗುತ್ತದೆ ಅಂತ ನಮ್ಮಲ್ಲಿ ಯಾರಿಗೂ ಬಿಡಿಸಿ ಹೇಳಬೇಕಿಲ್ಲ.

ಬೆಂಕಿ ಹೇಗೆ ಬಿತ್ತು?

1953ರ ನವೆಂಬರ್ 13ರಂದು ಮುಖ್ಯ ಕಟ್ಟಡಗಳು ಸುಟ್ಟುಹೋದವು. ಯಾರೋ ಹಚ್ಚಿದ್ದು ಅನ್ನುವ ಅನುಮಾನ ಅಂದಿನಿಂದ ಇದೆ. ಕಾರಣ ಇತ್ಯರ್ಥವಾಗಲೇ ಇಲ್ಲ.

ಸರಿಯಾಗಿ ಒಂದು ವಾರಕ್ಕೆ, ನವೆಂಬರ್ 20ರಂದು, ಅದೇ ಆಕಾಶದಲ್ಲಿ ಪೈಲಟ್ ಸ್ಕಾಟ್ ಕ್ರಾಸ್‌ಫೀಲ್ಡ್ ಮೊದಲ ಬಾರಿಗೆ ಶಬ್ದದ ಎರಡರಷ್ಟು ವೇಗ ದಾಟಿದರು. ಕೆಳಗೆ ಪ್ಯಾಂಚೊ ಅಂಗಳದಲ್ಲಿ ಬೂದಿ ಇತ್ತು. ಈ ಎರಡು ತಾರೀಖುಗಳನ್ನು ಪಕ್ಕಪಕ್ಕ ಇಟ್ಟು ನೋಡಿದಾಗಲೆಲ್ಲ ನನಗೆ ಹೊಟ್ಟೆ ಕಿವುಚಿದ ಹಾಗಾಗುತ್ತದೆ.

ಕೋರ್ಟಿನಲ್ಲಿ ಯಾರು ಗೆದ್ದರು?

ಜಮೀನು ಸರ್ಕಾರಕ್ಕೆ ಹೋಯಿತು. ಆದರೆ ಪರಿಹಾರದ ವಿಷಯದಲ್ಲಿ ಪ್ಯಾಂಚೊ ಗೆದ್ದರು ಅನ್ನಬೇಕು. ಕಾನೂನು ಪುಸ್ತಕ ಓದಿಕೊಂಡು ತಮ್ಮ ಮೊಕದ್ದಮೆಯನ್ನು ತಾವೇ ವಾದಿಸಿದರು. ನನ್ನ ಅಜ್ಜ ಬಲೂನ್ ಹಾರಿಸಿ ಈ ದೇಶಕ್ಕೆ ವಾಯುಪಡೆ ಹುಟ್ಟಿಸಿದ, ಅದನ್ನು ಎದುರಿಸುವುದು ನನ್ನ ಪಾಲಿಗೆ ಬಂದಿದೆ ಅನ್ನುವುದು ಅವರ ಧಾಟಿ. ಮೂರೂವರೆ ಲಕ್ಷ ಡಾಲರ್‌ಗೂ ಜಾಸ್ತಿ ಪರಿಹಾರ ಸಿಕ್ಕಿತು. ಆ ಕಾಲಕ್ಕೆ ದೊಡ್ಡ ಮೊತ್ತ.

ಜಮೀನು ತೆಗೆದುಕೊಂಡ ಮೇಲೆ ರನ್‌ವೇ ಕಟ್ಟಿದರೇ?

ಎಡ್ವರ್ಡ್ಸ್‌ಗೆ 15,000 ಅಡಿಯ ಹೊಸ ರನ್‌ವೇ ಬಂತು. ಪ್ಯಾಂಚೊ ಜಮೀನಿನ ಮೇಲೆ ಬರಲಿಲ್ಲ.

ಆಮೇಲೆ ಪ್ಯಾಂಚೊ ಏನಾದರು?

ಉತ್ತರಕ್ಕೆ, ಕ್ಯಾಂಟಿಲ್ ಅನ್ನುವ ಕಡೆ ಹೊಸ ಜಾಗ ತೆಗೆದುಕೊಂಡರು. ಮತ್ತೆ ಅಂಥದ್ದೇ ರ‍್ಯಾಂಚ್ ಕಟ್ಟುವ ಆಸೆ. ಆಗಲಿಲ್ಲ. ಸ್ತನ ಕ್ಯಾನ್ಸರ್ ಬಂತು, ಮದುವೆ ಮುರಿಯಿತು, ದುಡ್ಡು ಕರಗಿತು. ಕೊನೆಗಾಲ ಬೋರಾನ್ ಅನ್ನುವ ಗಣಿ ಊರಿನ ಚಿಕ್ಕ ಮನೆಯಲ್ಲಿ.

ಆದರೆ ಹಳೆಯ ಪೈಲಟ್‌ಗಳು ಮರೆತಿರಲಿಲ್ಲ. 1964ರಲ್ಲಿ ಎಡ್ವರ್ಡ್ಸ್ ನೆಲೆಯವರೇ ಕರೆದು "ಪ್ಯಾಂಚೊ ಬಾರ್ನ್ಸ್ ದಿನ" ಆಚರಿಸಿದರು. ಹಿಂದೆ ಮಾರಿದ್ದ ಆ ದಾಖಲೆಯ ವಿಮಾನ 1960ರ ದಶಕದ ಕೊನೆಯಲ್ಲಿ ಹರಾಜಿಗೆ ಬಂದಾಗ ತಾಯಿ ಮಗ ಸೇರಿ ಮರಳಿ ಪಡೆದರು.

1975ರ ಮಾರ್ಚ್ ಕೊನೆಯಲ್ಲಿ ಪ್ಯಾಂಚೊ ತೀರಿಕೊಂಡರು. ಹಳೆಯ ಹಾರಾಟಗಾರರ ಒಂದು ಕೂಟದಲ್ಲಿ ಮಾತಾಡಲು ಒಪ್ಪಿಕೊಂಡಿದ್ದರು, ಅದಕ್ಕೆ ಕೆಲವೇ ದಿನ ಬಾಕಿ ಇತ್ತು. ಮಗ ಬಿಲ್ ಕೂಡ ಪೈಲಟ್. ವಾಯುಪಡೆ ವಿಶೇಷ ಅನುಮತಿ ಕೊಟ್ಟಿತು. ಬಿಲ್ ತಾಯಿಯ ಚಿತಾಭಸ್ಮ ತೆಗೆದುಕೊಂಡು ಹಳೆಯ ರ‍್ಯಾಂಚಿನ ಮೇಲೆ ಹಾರಿದರು. ಭಸ್ಮ ಬಿಡುವಾಗ ಅಡ್ಡಗಾಳಿ ಬೀಸಿ ಸ್ವಲ್ಪ ಒಳಕ್ಕೇ ಬಂದು ಮಗನ ಮೈಮೇಲೆ ಬಿತ್ತು. ಬಿಲ್ 1980ರಲ್ಲಿ ಹಳೆಯ ಮಸ್ಟ್ಯಾಂಗ್ ಯುದ್ಧವಿಮಾನ ಹಾರಿಸುವಾಗ ಬಿದ್ದು ಸತ್ತರು.

ಈಗ ಹೋಗಿ ನೋಡಬಹುದೇ?

ಸುಮ್ಮನೆ ಹೋಗಲು ಆಗುವುದಿಲ್ಲ. ಜಾಗ ಪೂರ್ತಿ ಎಡ್ವರ್ಡ್ಸ್ ವಾಯುನೆಲೆಯ ಬೇಲಿಯೊಳಗಿದೆ. ನೆಲೆಯಲ್ಲಿ ಕೆಲಸ ಮಾಡುವವರು ಪ್ಯಾಂಚೊ ಹೆಸರಿನ ದಿನ ಅಲ್ಲೇ ಸೇರಿ ಒಲೆ ಹಚ್ಚಿ, ಮಾಂಸ ಸುಟ್ಟು, ಊಟ ಮಾಡುವ ರೂಢಿ ಇದೆ. ಕಟ್ಟಡಗಳು ಉಳಿದಿಲ್ಲ. ಅಡಿಪಾಯದ ಗುರುತುಗಳಿವೆ. ಹಿಂದೆ ಅತಿಥಿಗಳ ಕೋಣೆಗಳ ಮುಂದೆ ಇದ್ದ ಕಾರಂಜಿಯ ದುಂಡನೆಯ ಕಟ್ಟೆ ಇನ್ನೂ ಇದೆ, ಸುತ್ತ ಮರಳು ಕೂತಿದೆ.